ಗೋಡೆಯ ಮೇಲಿನ ಒಂದು ಚುಕ್ಕೆ

– ಹಳೆಯ ವಿದ್ಯಾರ್ಥಿ, ಬಿ.ಇ., ಸಾಫ್ಟ್‌ವೇರ್ ಇಂಜಿನಿಯರ್, ಬೆಂಗಳೂರು (ಎಸ್ಸೆಸ್ಸೆಲ್ಸಿ 2005ನೇ ಸಾಲು)

ಸುವರ್ಣ ಮಹೋತ್ಸವ ಸಮಿತಿಯ ಹಿರಿಯರು ಫೋನ್ ಮಾಡಿ, "ಸ್ಮರಣ ಸಂಚಿಕೆಗೆ ನೀನೂ ಒಂದು ಲೇಖನ ಕೊಡಬೇಕಪ್ಪ. ಕಂಪ್ಯೂಟರ್ ವಿಷಯ ಬರೆದರೆ ಮಕ್ಕಳಿಗೆ ಉಪಯೋಗವಾಗುತ್ತೆ" ಎಂದರು. ಆಗಲಿ ಎಂದು ಒಪ್ಪಿಕೊಂಡೆ. ಆದರೆ ಬರೆಯಲು ಕುಳಿತಾಗ ಮನಸ್ಸು ಬೇರೆ ಕಡೆ ಹೋಯಿತು. ಹಿರಿಯರು ಕ್ಷಮಿಸಬೇಕು, ನಾನು ಇಲ್ಲಿ ಬರೆಯುತ್ತಿರುವುದು ಒಬ್ಬ ಚಿತ್ರಕಲಾವಿದರ ಚರಿತ್ರೆ. ಅವರ ಹೆಸರು ಸೈಯದ್ ಹೈದರ್ ರಝಾ. ಮಧ್ಯಪ್ರದೇಶದಲ್ಲಿ ಹುಟ್ಟಿ, ಬದುಕಿನ ಅರವತ್ತು ವರ್ಷಗಳನ್ನು ಫ್ರಾನ್ಸಿನಲ್ಲಿ ಕಳೆದವರು. ನಮ್ಮೂರಿಗೂ ಅವರಿಗೂ ನೇರ ಸಂಬಂಧವಿಲ್ಲ. ಆದರೂ ಈ ಸಂಚಿಕೆಯಲ್ಲಿ ಅವರಿಗೆ ಒಂದು ಜಾಗ ಇರಬೇಕು ಎಂದು ನನಗೆ ಅನ್ನಿಸಿದ್ದಕ್ಕೆ ಎರಡು ಕಾರಣಗಳಿವೆ. ಒಂದು, ಅವರೂ ನಮ್ಮ ಹಾಗೆಯೇ ಹಳ್ಳಿಯ ಶಾಲೆಯಲ್ಲಿ ಅಕ್ಷರ ಕಲಿತು, ಸರ್ಕಾರಿ ಪ್ರೌಢಶಾಲೆಯಲ್ಲಿ ಓದಿದವರು. ಎರಡನೆಯ ಕಾರಣವನ್ನು ಕೊನೆಯಲ್ಲಿ ಹೇಳುತ್ತೇನೆ.

ನಾಲ್ಕು ಸಾಲಿನ ಕೋಡು

2011ರಲ್ಲಿ ಬಿ.ಇ. ಮುಗಿಸಿ ನಾನು ಕೆಲಸಕ್ಕೆ ಸೇರಿದ ಆಫೀಸಿನ ಮೀಟಿಂಗ್ ರೂಮಿನಲ್ಲಿ ದೊಡ್ಡದೊಂದು ಚಿತ್ರದ ಪ್ರಿಂಟ್ ಹಾಕಿದ್ದರು. ನಡುವೆ ತಟ್ಟೆಯಷ್ಟು ಅಗಲದ ಕಪ್ಪು ವೃತ್ತ. ಅದರ ಸುತ್ತ ಕಂದು, ಕೆಂಪು ಪಟ್ಟೆಗಳು. ಕೆಳಗೆ ಕೆಲವು ತ್ರಿಕೋನಗಳು. ಮನುಷ್ಯರಿಲ್ಲ, ಮರವಿಲ್ಲ, ಮನೆಯಿಲ್ಲ. ನಾನು ಹೊಸಬ, ಚುರುಕು ತೋರಿಸುವ ವಯಸ್ಸು. "ಇದನ್ನು ನಾನು ನಾಲ್ಕು ಸಾಲು ಕೋಡಿನಲ್ಲಿ ಬಿಡಿಸಿ ತೋರಿಸ್ತೀನಿ" ಎಂದು ತಮಾಷೆ ಮಾಡಿದೆ. ಎಲ್ಲರೂ ನಕ್ಕರು.

ಅದು ಪೂರ್ತಿ ಸುಳ್ಳೂ ಅಲ್ಲ. ನಮ್ಮ ಕಸುಬಿನಲ್ಲಿ ಬಣ್ಣವೆಂದರೆ ಮೂರು ಅಂಕಿ. ಕೆಂಪು, ಹಸಿರು, ನೀಲಿ ಬೆಳಕುಗಳಿಗೆ 0ಯಿಂದ 255ರವರೆಗೆ ಒಂದೊಂದು ಅಂಕಿ ಕೊಟ್ಟರೆ ಪರದೆಯ ಮೇಲೆ ಬೇಕಾದ ಬಣ್ಣ ಮೂಡುತ್ತದೆ. ಹೀಗೆ 1 ಕೋಟಿ 67 ಲಕ್ಷಕ್ಕೂ ಹೆಚ್ಚು ಬಣ್ಣಗಳು ಸಿಗುತ್ತವೆ. ಅಷ್ಟು ಬಣ್ಣಗಳನ್ನು ಬೆರಳ ತುದಿಯಲ್ಲಿ ಇಟ್ಟುಕೊಂಡವನಿಗೆ ಒಂದು ಕಪ್ಪು ವೃತ್ತ ಯಾವ ದೊಡ್ಡ ವಿಷಯ?

ಅದು ರಝಾ ಅವರ ಚಿತ್ರ, ಅದಕ್ಕೆ 'ಬಿಂದು' ಎನ್ನುತ್ತಾರೆ ಎಂದು ತಂಡದ ಹಿರಿಯರೊಬ್ಬರು ಹೇಳಿದರು. ಕುತೂಹಲಕ್ಕೆ ಓದತೊಡಗಿದೆ. ಓದುತ್ತಾ ಹೋದಂತೆ ನನ್ನ ತಮಾಷೆ ನನಗೇ ಸಪ್ಪೆಯಾಯಿತು.

ಕಾಡು, ನದಿ ಮತ್ತು ಹೆಡ್‌ಮಾಸ್ಟರು

ರಝಾ ಹುಟ್ಟಿದ್ದು 1922ರ ಫೆಬ್ರವರಿ 22ರಂದು, ಮಂಡ್ಲಾ ಜಿಲ್ಲೆಯ ಬಾಬರಿಯಾ ಎಂಬಲ್ಲಿ. ತಂದೆ ಅರಣ್ಯ ಇಲಾಖೆಯ ನೌಕರರು. ಸುತ್ತಮುತ್ತ ದಟ್ಟ ಕಾಡು, ಗೊಂಡ ಜನರ ಹಳ್ಳಿಗಳು, ಸಮೀಪದಲ್ಲೇ ನರ್ಮದಾ ನದಿ. ರಾತ್ರಿಯ ಕಾಡೆಂದರೆ ಹುಡುಗನಿಗೆ ಭಯ. ಬೆಳಗಾಗಿ ಬೆಳಕು ಹರಿದ ಮೇಲೆಯೇ ಜೀವ ಬಂದಂತಾಗುವುದು. ಸಂತೆಯ ದಿನ ಬಣ್ಣಬಣ್ಣದ ಬಟ್ಟೆಗಳ ಸಡಗರ. ಆ ಕಪ್ಪು ರಾತ್ರಿಯೂ ಬಿಸಿಲಿನ ಬಣ್ಣಗಳೂ ತಮ್ಮನ್ನು ಕೊನೆಯವರೆಗೂ ಬಿಡಲಿಲ್ಲ ಎಂದು ಅವರು ಮುಂದೆ ಹೇಳಿಕೊಂಡಿದ್ದಾರೆ.

ಕಕೈಯಾ ಎಂಬ ಹಳ್ಳಿಯ ಪ್ರಾಥಮಿಕ ಶಾಲೆಯಲ್ಲಿ ಹುಡುಗ ಓದುತ್ತಿದ್ದ. ಪಾಠದ ಕಡೆ ಗಮನವಿಲ್ಲ, ಮನಸ್ಸು ಎತ್ತೆತ್ತಲೋ. ಆ ಶಾಲೆಯ ಹೆಡ್‌ಮಾಸ್ಟರು ನಂದಲಾಲ್ ಝಾರಿಯಾ ಎಂಬವರು. ಒಂದು ದಿನ ಅವರು ಹುಡುಗನನ್ನು ಜಗಲಿಯಲ್ಲಿ ಕೂರಿಸಿ, ಬಿಳಿ ಗೋಡೆಯ ಮೇಲೆ ಒಂದು ಚುಕ್ಕೆ ಇಟ್ಟರು. ಬೇರೆಲ್ಲವನ್ನೂ ಮರೆತು ಇದನ್ನೇ ನೋಡು ಎಂದರು. ಹೊಡೆಯಲಿಲ್ಲ, ಬೈಯಲಿಲ್ಲ. ಅಷ್ಟೇ ನಡೆದದ್ದು.

ಆ ಚುಕ್ಕೆಯಿಂದ ಹುಡುಗ ತಕ್ಷಣ ಜಾಣನಾಗಿಬಿಟ್ಟ ಎಂದು ಯಾರೂ ಹೇಳಿಲ್ಲ. ಹನ್ನೆರಡು ವರ್ಷದವನಿದ್ದಾಗ ಚಿತ್ರ ಬಿಡಿಸಲು ಶುರು ಮಾಡಿದ. ಹದಿಮೂರನೆಯ ವಯಸ್ಸಿಗೆ ದಮೋಹ್ ಪಟ್ಟಣಕ್ಕೆ ಹೋಗಿ ಅಲ್ಲಿನ ಸರ್ಕಾರಿ ಹೈಸ್ಕೂಲಿನಲ್ಲಿ ಓದು ಮುಗಿಸಿದ. 1939ರಲ್ಲಿ ನಾಗಪುರದ ಕಲಾ ಶಾಲೆ ಸೇರಿದ. ಅಲ್ಲಿಂದ 1943ರಲ್ಲಿ ಮುಂಬಯಿಗೆ.

ಮುಂಬಯಿ: ಸಿಕ್ಕಿದ್ದು, ಕಳೆದದ್ದು

ಮುಂಬಯಿಯಲ್ಲಿ ರಝಾ ಬ್ಲಾಕ್ ತಯಾರಿಸುವ ಸ್ಟುಡಿಯೋ ಒಂದರಲ್ಲಿ ಡಿಸೈನರ್ ಕೆಲಸ ಮಾಡಿದರು. ಬಿಡುವು ಸಿಕ್ಕಾಗಲೆಲ್ಲ ಊರಿನ ಬೀದಿಗಳ ಚಿತ್ರ. ಜೆ.ಜೆ. ಕಲಾ ಶಾಲೆಯಲ್ಲೂ ಕಲಿತರು. ಅದೇ ಕಾಲಕ್ಕೆ ನಮ್ಮ ಉಡುಪಿ ಸೀಮೆಯ ಕಟ್ಟಿಂಗೇರಿಯಿಂದ ಹೋದ ಕೆ.ಕೆ. ಹೆಬ್ಬಾರರೂ ಮುಂಬಯಿಯಲ್ಲೇ ಚಿತ್ರ ಬರೆಯುತ್ತಿದ್ದರು. 1946ರಲ್ಲಿ ರಝಾ ಅವರಿಗೆ ಬಾಂಬೆ ಆರ್ಟ್ ಸೊಸೈಟಿಯ ಬೆಳ್ಳಿ ಪದಕ ಬಂತು.

1947ರಲ್ಲಿ ಆರು ಜನ ಯುವಕರು ಸೇರಿ 'ಪ್ರೋಗ್ರೆಸಿವ್ ಆರ್ಟಿಸ್ಟ್ಸ್ ಗ್ರೂಪ್' ಕಟ್ಟಿದರು. ಸೂಜಾ, ಆರಾ, ಹುಸೇನ್, ಬಾಕ್ರೆ, ಗಾಡೆ ಮತ್ತು ರಝಾ. ಇವರಲ್ಲಿ ಯಾರೂ ಸಿರಿವಂತರ ಮನೆಯಿಂದ ಬಂದವರಲ್ಲ. ಕೆ.ಎಚ್. ಆರಾ ಕಾರು ತೊಳೆಯುವ ಕೆಲಸ ಮಾಡಿದ್ದವರು. ಎಂ.ಎಫ್. ಹುಸೇನ್ ಸಿನಿಮಾ ಹೋರ್ಡಿಂಗ್ ಬರೆದು ಹೊಟ್ಟೆ ಹೊರೆದವರು. ಭಾರತದ ಆಧುನಿಕ ಚಿತ್ರಕಲೆಯ ಇತಿಹಾಸವನ್ನು ಇಂದು ಯಾರು ಬರೆದರೂ ಈ ಆರು ಹೆಸರುಗಳನ್ನು ಬಿಟ್ಟು ಬರೆಯಲಾಗದು.

ಅದೇ 1947 ರಝಾ ಅವರ ಮನೆಯನ್ನು ಒಡೆದ ವರ್ಷವೂ ಹೌದು. ಆ ವರ್ಷ ತಾಯಿ ತೀರಿಕೊಂಡರು, ಮರುವರ್ಷ ತಂದೆ. ದೇಶ ವಿಭಜನೆಯಾದಾಗ ಅಣ್ಣತಮ್ಮಂದಿರು, ಸಹೋದರಿ ಪಾಕಿಸ್ತಾನಕ್ಕೆ ಹೋದರು. ಮೊದಲ ಹೆಂಡತಿಯೂ ಹೋದರು. ರಝಾ ಹೋಗಲಿಲ್ಲ. ಬಾಲ್ಯದಲ್ಲಿ ಮಂಡ್ಲಾದಲ್ಲಿ ಅವರು ಗಾಂಧೀಜಿಯನ್ನು ನೋಡಿದ್ದರು. ಈ ನೆಲವನ್ನು ಬಿಟ್ಟು ಹೋದರೆ ಗಾಂಧೀಜಿಗೆ ದ್ರೋಹ ಮಾಡಿದಂತೆ ಎಂಬುದು ಅವರ ಮನಸ್ಸಿನಲ್ಲಿತ್ತು. ಇಪ್ಪತ್ತೈದು ವರ್ಷದ ಯುವಕ, ಹತ್ತಿರದವರೆಲ್ಲ ದೂರವಾದರೂ ಇದೇ ನನ್ನ ದೇಶ ಎಂದು ಉಳಿದುಕೊಂಡದ್ದು ಸಣ್ಣ ಮಾತಲ್ಲ.

1948ರಲ್ಲಿ ಕಾಶ್ಮೀರಕ್ಕೆ ಹೋಗಿದ್ದಾಗ ಫ್ರಾನ್ಸಿನ ಹೆಸರಾಂತ ಛಾಯಾಗ್ರಾಹಕ ಆನ್ರಿ ಕಾರ್ಟಿಯೆ ಬ್ರೆಸ್ಸೋ ಅವರ ಪರಿಚಯವಾಯಿತು. ಅವರು ರಝಾ ಅವರ ಚಿತ್ರಗಳನ್ನು ನೋಡಿ ನೇರವಾಗಿಯೇ ಹೇಳಿದರು: ನಿಮ್ಮಲ್ಲಿ ಪ್ರತಿಭೆ ಇದೆ, ಆದರೆ ಚಿತ್ರದಲ್ಲಿ ಕಟ್ಟಡ ಇಲ್ಲ. ಮನೆಗೆ ಪಾಯ, ಗೋಡೆ, ತೊಲೆ ಬೇಕಾಗುವಂತೆ ಚಿತ್ರಕ್ಕೂ ಬೇಕು, ಸೆಜಾನ್‌ನ ಚಿತ್ರಗಳನ್ನು ನೋಡಿ ಕಲಿಯಿರಿ ಎಂಬುದು ಅವರ ಮಾತಿನ ಸಾರ. ಬೇರೆಯವರಾಗಿದ್ದರೆ ಮುನಿಸಿಕೊಳ್ಳುತ್ತಿದ್ದರು. ರಝಾ ಫ್ರೆಂಚ್ ಭಾಷೆ ಕಲಿತು, ಫ್ರಾನ್ಸ್ ಸರ್ಕಾರದ ವಿದ್ಯಾರ್ಥಿವೇತನ ಪಡೆದು, 1950ರಲ್ಲಿ ಪ್ಯಾರಿಸ್‌ಗೆ ಹೊರಟರು.

ಪ್ಯಾರಿಸ್: ಹೆಸರು ಬಂದ ಮೇಲಿನ ಕೊರತೆ

1953ರವರೆಗೆ ಅಲ್ಲಿನ ರಾಷ್ಟ್ರೀಯ ಕಲಾ ಶಾಲೆಯಲ್ಲಿ ಓದಿದರು. ಆ ದಿನಗಳ ಚಿತ್ರಗಳಲ್ಲಿ ಮನೆಗಳು, ಇಗರ್ಜಿಗಳು, ಮೇಲೊಬ್ಬ ಸೂರ್ಯ. ಜನರಿಲ್ಲದ ಊರುಗಳು. ಗೆರೆ, ಅಳತೆ ಎಲ್ಲವೂ ಬಿಗಿಯಾಗಿ ಕಟ್ಟಿದ್ದು. 1956ರಲ್ಲಿ ಅವರಿಗೆ ಅಲ್ಲಿನ ವಿಮರ್ಶಕರು ಕೊಡುವ 'ಪ್ರಿ ದ ಲಾ ಕ್ರಿತಿಕ್' ಪ್ರಶಸ್ತಿ ಬಂತು. ಫ್ರೆಂಚರಲ್ಲದ ಕಲಾವಿದರೊಬ್ಬರಿಗೆ ಅದು ಸಿಕ್ಕಿದ್ದು ಅದೇ ಮೊದಲು. 1959ರಲ್ಲಿ ಫ್ರೆಂಚ್ ಕಲಾವಿದೆ ಜಾನೀನ್ ಮೊಂಜಿಲಾ ಅವರನ್ನು ಮದುವೆಯಾದರು.

1962ರಲ್ಲಿ ಅಮೆರಿಕದ ಬರ್ಕ್ಲಿ ವಿಶ್ವವಿದ್ಯಾಲಯಕ್ಕೆ ಸಂದರ್ಶಕ ಉಪನ್ಯಾಸಕರಾಗಿ ಹೋದಾಗ ಅವರ ದಾರಿ ಮತ್ತೊಮ್ಮೆ ತಿರುಗಿತು. ಅಲ್ಲಿ ಮಾರ್ಕ್ ರಾತ್ಕೋ ಮುಂತಾದವರ ಚಿತ್ರಗಳನ್ನು ನೋಡಿದರು. ಆಳೆತ್ತರದ ಕ್ಯಾನ್ವಾಸಿನ ತುಂಬ ಬರೀ ಬಣ್ಣ. ವಸ್ತುವನ್ನು ತೋರಿಸಲು ಬಣ್ಣವಲ್ಲ, ಬಣ್ಣವೇ ವಸ್ತು. ಎಣ್ಣೆ ಬಣ್ಣ ಒಣಗಲು ದಿನಗಟ್ಟಲೆ ಬೇಕು. ಅಕ್ರಿಲಿಕ್ ಬೇಗ ಒಣಗುತ್ತದೆ, ಕುಂಚ ಸರಾಗವಾಗಿ ಓಡುತ್ತದೆ. ರಝಾ ಅಕ್ರಿಲಿಕ್ ಹಿಡಿದರು. ಮನೆ, ಮರಗಳ ಗೆರೆಗಳು ಕ್ರಮೇಣ ಕರಗಿ, ಬಣ್ಣದ ಹೊಯ್ಲು ಮಾತ್ರ ಉಳಿಯಿತು.

ಇದನ್ನೇ ಅಮೂರ್ತ ಚಿತ್ರ ಎನ್ನುವುದು. "ಇದರಲ್ಲಿ ಏನಿದೆ, ಏನೂ ಕಾಣಿಸೋದಿಲ್ಲವಲ್ಲ" ಎಂದು ನಮ್ಮೂರಿನ ಹಿರಿಯರು ಕೇಳಬಹುದು. ನಾನೂ ಕೇಳಿದವನೇ. ನನಗೆ ಹೊಳೆದ ಉತ್ತರ ಇಷ್ಟು: ಬೆಳಗ್ಗೆ ನಮ್ಮ ತಾಯಂದಿರು ಬಾಗಿಲಿಗೆ ನೀರು ಹಾಕಿ, ಚುಕ್ಕಿ ಇಟ್ಟು ರಂಗೋಲಿ ಬಿಡುತ್ತಾರೆ. ಅದು ಯಾವ ಪ್ರಾಣಿಯ ಚಿತ್ರ ಎಂದು ನಾವು ಕೇಳುವುದಿಲ್ಲ. ಸಂಗೀತಗಾರರು ಹಾಡಿಗೆ ಮೊದಲು ಆಲಾಪನೆ ಮಾಡುವಾಗ ಅದರ ಅರ್ಥವೇನು ಎಂದು ಯಾರೂ ತಡೆದು ಕೇಳುವುದಿಲ್ಲ. ಕಣ್ಣು ತಣಿಯಿತೇ, ಕಿವಿ ತಣಿಯಿತೇ, ಮನಸ್ಸು ನಿಂತಿತೇ ಎಂಬುದಷ್ಟೇ ಅಲ್ಲಿನ ಲೆಕ್ಕ.

ಹೆಸರು ಬಂತು, ಚಿತ್ರಗಳು ಮಾರಾಟವಾದವು. ಆದರೂ ಎಪ್ಪತ್ತರ ದಶಕದ ಹೊತ್ತಿಗೆ ರಝಾ ಅವರಿಗೆ ತೃಪ್ತಿ ಇರಲಿಲ್ಲ. ಪ್ಯಾರಿಸ್‌ನ ಒಳ್ಳೆಯ ಚಿತ್ರಕಾರನಾಗಿದ್ದೇನೆ, ನನ್ನದು ಎನ್ನುವುದು ಎಲ್ಲಿ ಎಂಬ ಪ್ರಶ್ನೆ. ಮತ್ತೆ ಮತ್ತೆ ಭಾರತಕ್ಕೆ ಬಂದರು. ಅಜಂತಾ, ಎಲ್ಲೋರಾ, ಕಾಶಿ, ರಾಜಸ್ಥಾನ, ಗುಜರಾತ್ ಸುತ್ತಿದರು. 1972ರ 'ತಪೋವನ', 1983ರ 'ಸೌರಾಷ್ಟ್ರ' ಮುಂತಾದ ಚಿತ್ರಗಳಲ್ಲಿ ಈ ನೆಲದ ಕೆಂಪು, ಹಳದಿ, ಕಾಡಿನ ಕತ್ತಲೆ ಬಂದು ಸೇರಿದವು. 1981ರಲ್ಲಿ ಬರೆದ ಚಿತ್ರವೊಂದಕ್ಕೆ 'ಮಾ', ಅಂದರೆ ಅಮ್ಮ, ಎಂದೇ ಹೆಸರಿಟ್ಟರು.

ಹೀಗೆ ಹುಡುಕುತ್ತಾ ಹೋದವರಿಗೆ ಕೊನೆಗೆ ಸಿಕ್ಕಿದ್ದು ಕಕೈಯಾ ಶಾಲೆಯ ಜಗಲಿ. ಎಪ್ಪತ್ತರ ದಶಕದ ಕೊನೆಯಿಂದ ಅವರ ಕ್ಯಾನ್ವಾಸುಗಳ ನಡುವೆ ಆ ಕಪ್ಪು ಚುಕ್ಕೆ ಬಂದು ಕೂತಿತು, ಆಮೇಲೆ ಏಳಲೇ ಇಲ್ಲ. ಹೆಡ್‌ಮಾಸ್ಟರು ಚುಕ್ಕೆ ಇಟ್ಟದ್ದು 1930ರ ಆಸುಪಾಸು. ಅದು ಚಿತ್ರವಾದದ್ದು 1980ರ ಆಸುಪಾಸು. ನಡುವೆ ಸರಿಸುಮಾರು ಐವತ್ತು ವರ್ಷ. ಇಂದು ನಮ್ಮ ಶಾಲೆ ಆಚರಿಸುತ್ತಿರುವ ಸುವರ್ಣ ಮಹೋತ್ಸವದಷ್ಟು ಕಾಲ.

ಕಪ್ಪು ಎಂದರೆ ಸೊನ್ನೆಯೇ?

ಮುಂದಿನ ಮೂರು ದಶಕ ರಝಾ ಮುಖ್ಯವಾಗಿ ಐದು ಬಣ್ಣಗಳ ಸುತ್ತ ಕೆಲಸ ಮಾಡಿದರು: ಕಪ್ಪು, ಬಿಳಿ, ಕೆಂಪು, ನೀಲಿ, ಹಳದಿ. ಅವು ಅವರಿಗೆ ಪಂಚಭೂತಗಳಿದ್ದಂತೆ. ಅದರಲ್ಲೂ ಕಪ್ಪು ಎಲ್ಲ ಬಣ್ಣಗಳ ತಾಯಿ ಎಂದು ನಂಬಿದ್ದರು.

ಇಲ್ಲಿ ನನ್ನ ಕಸುಬಿನವರಿಗೆ ಒಂದು ಪಾಠವಿದೆ. ಕಂಪ್ಯೂಟರ್ ಪರದೆಯಲ್ಲಿ ಕಪ್ಪು ಬರಬೇಕಾದರೆ ಮೂರೂ ಅಂಕಿಗಳನ್ನು ಸೊನ್ನೆ ಮಾಡಬೇಕು. ಅಲ್ಲಿ ಕಪ್ಪು ಎಂದರೆ ಏನೂ ಇಲ್ಲ. ಮೂರೂ ಬೆಳಕುಗಳನ್ನು ಪೂರ್ತಿ ಹಚ್ಚಿದರೆ ಬಿಳಿ. ಕುಂಚದವನ ತಟ್ಟೆಯಲ್ಲಿ ಲೆಕ್ಕ ಉಲ್ಟಾ. ಬಣ್ಣಕ್ಕೆ ಬಣ್ಣ ಬೆರೆಸುತ್ತಾ ಹೋದಂತೆ ಅದು ಕಪ್ಪಿನ ಕಡೆಗೆ ಹೋಗುತ್ತದೆ. ಅಲ್ಲಿ ಕಪ್ಪು ಎಂದರೆ ಎಲ್ಲವೂ ಸೇರಿರುವುದು. ನಾಲ್ಕು ಸಾಲಿನಲ್ಲಿ ನಾನು ಬರೆಯುತ್ತೇನೆಂದ ವೃತ್ತ ಸೊನ್ನೆಯ ಕಪ್ಪು. ರಝಾ ಅವರದು ಕಾಡಿನ ರಾತ್ರಿ, ಬೀಜ, ತಾಯಿಯ ಹೊಟ್ಟೆ ಎಲ್ಲವೂ ಸೇರಿದ ಕಪ್ಪು.

ಅದನ್ನೇ ಪದೇ ಪದೇ ಬರೆಯುತ್ತಾರೆ ಎಂಬ ಟೀಕೆಯೂ ಬಂತು. ಕೊನೆಕೊನೆಯ ಚಿತ್ರಗಳನ್ನು ನೋಡಿದರೆ ಆ ಮಾತನ್ನು ಪೂರ್ತಿ ತಳ್ಳಿಹಾಕಲಾಗದು. ರಝಾ ಅದನ್ನು ಜಪಕ್ಕೆ ಹೋಲಿಸುತ್ತಿದ್ದರು. ಒಂದೇ ಹೆಸರನ್ನು ಸಾವಿರ ಸಲ ಹೇಳುವವನಿಗೆ ಬೇಸರವಾಗುವುದಿಲ್ಲ ಎಂಬುದು ಅವರ ನಿಲುವು.

ಬೆಲೆಯ ಮಾತೂ ಹೇಳಬೇಕು, ಊರಿನವರಿಗೆ ಆ ಕುತೂಹಲ ಇರುತ್ತದೆ. 'ಸೌರಾಷ್ಟ್ರ' 2010ರಲ್ಲಿ ಲಂಡನ್ನಿನ ಹರಾಜಿನಲ್ಲಿ 16 ಕೋಟಿ ರೂಪಾಯಿಗೂ ಹೆಚ್ಚಿಗೆ ಹೋಯಿತು. 1989ರ 'ಜೆಸ್ಟೇಷನ್' ಎಂಬ ಚಿತ್ರ 2023ರಲ್ಲಿ ಮುಂಬಯಿಯಲ್ಲಿ 50 ಕೋಟಿಯನ್ನೂ ದಾಟಿತು. ಬೆಲೆ ಬಂದಲ್ಲಿ ನಕಲಿಯೂ ಬರುತ್ತದೆ. 2009ರಲ್ಲಿ ದೆಹಲಿಯಲ್ಲಿ ತಮ್ಮದೇ ಚಿತ್ರಗಳ ಪ್ರದರ್ಶನವೊಂದಕ್ಕೆ ಅತಿಥಿಯಾಗಿ ಹೋದ ರಝಾ, ಗೋಡೆಯ ಮೇಲಿದ್ದ ಅನೇಕ ಚಿತ್ರಗಳು ತಮ್ಮವಲ್ಲ ಎಂದು ಕಂಡುಕೊಂಡರು.

ಸರ್ಕಾರ 1981ರಲ್ಲಿ ಪದ್ಮಶ್ರೀ, 2007ರಲ್ಲಿ ಪದ್ಮಭೂಷಣ, 2013ರಲ್ಲಿ ಪದ್ಮವಿಭೂಷಣ ಕೊಟ್ಟು ಗೌರವಿಸಿತು. 2001ರಲ್ಲಿ ರಝಾ ಫೌಂಡೇಶನ್ ಆರಂಭವಾಗಿ ಎಳೆಯ ಕಲಾವಿದರಿಗೆ ನೆರವಾಯಿತು. 2002ರಲ್ಲಿ ಜಾನೀನ್ ತೀರಿಕೊಂಡರು. 2010ರ ಕೊನೆಗೆ, 88ನೆಯ ವಯಸ್ಸಿನಲ್ಲಿ, ರಝಾ ಭಾರತಕ್ಕೇ ವಾಪಸು ಬಂದರು. ದೆಹಲಿಯಲ್ಲಿ ಇಳಿವಯಸ್ಸಿನಲ್ಲೂ ಚಿತ್ರ ಬರೆಯುವುದನ್ನು ಬಿಡಲಿಲ್ಲ. 2016ರ ಜುಲೈ 23ರಂದು ಕಣ್ಣು ಮುಚ್ಚಿದರು. ಅವರ ಇಚ್ಛೆಯಂತೆ ಮಂಡ್ಲಾಕ್ಕೆ ಕೊಂಡೊಯ್ದು, ತಂದೆಯ ಸಮಾಧಿಯ ಪಕ್ಕದಲ್ಲೇ ಮಣ್ಣು ಮಾಡಿದರು. 2023ರಲ್ಲಿ ಪ್ಯಾರಿಸ್‌ನ ಪಾಂಪಿಡು ಕೇಂದ್ರ ಅವರ ಚಿತ್ರಗಳ ದೊಡ್ಡ ಪ್ರದರ್ಶನ ನಡೆಸಿತು.

ಎರಡನೆಯ ಕಾರಣ

ಈಗ ಎರಡನೆಯ ಕಾರಣಕ್ಕೆ ಬರುತ್ತೇನೆ. ನಾನು ಒಂಬತ್ತನೇ ತರಗತಿಯಲ್ಲಿದ್ದಾಗ ನಮ್ಮ ಡ್ರಾಯಿಂಗ್ ಮೇಷ್ಟ್ರು ನಿವೃತ್ತರಾದರು. ಆ ಹುದ್ದೆಗೆ ಮತ್ತೆ ಯಾರೂ ಬರಲಿಲ್ಲ. ಡ್ರಾಯಿಂಗ್ ಪೀರಿಯಡ್ಡು ಗಣಿತಕ್ಕೆ ಹೋಯಿತು. ನಮ್ಮ ತರಗತಿಯಲ್ಲಿ ಒಬ್ಬ ಹುಡುಗನಿದ್ದ. ಲೋಯರ್ ಗ್ರೇಡ್ ಡ್ರಾಯಿಂಗ್ ಪರೀಕ್ಷೆ ಪಾಸು ಮಾಡಿದ್ದ. ಹೈಯರ್ ಕಟ್ಟಿಸುವವರು ಇರಲಿಲ್ಲ. ಗಣಿತದ ನೋಟ್ ಬುಕ್ಕಿನ ಹಿಂದಿನ ಹಾಳೆಗಳಲ್ಲಿ ಬಸ್ಸು, ಎತ್ತು, ಜಾತ್ರೆಯ ತೇರು ಬಿಡಿಸುತ್ತಿದ್ದ. ನಾನು ಕ್ಲಾಸ್ ಮಾನಿಟರ್. ಮೇಷ್ಟ್ರು ಇಲ್ಲದಾಗ ಗಲಾಟೆ ಮಾಡಿದವರ, ಓದದವರ ಹೆಸರನ್ನು ಬೋರ್ಡಿನ ಮೇಲೆ ಬರೆಯುವುದು ನನ್ನ ಕೆಲಸ. ಗಲಾಟೆ ಮಾಡದ ಅವನ ಹೆಸರನ್ನೂ "ಚಿತ್ರ ಬಿಡಿಸುತ್ತಿದ್ದಾನೆ" ಎಂದು ಎಷ್ಟೋ ಸಲ ಬರೆದಿದ್ದೇನೆ. ಅವನಿಗೆ ಏಟು ಬಿದ್ದಿದೆ, ಹೊರಗೆ ನಿಂತಿದ್ದಾನೆ. ಮೇಷ್ಟ್ರುಗಳನ್ನು ದೂರುವುದಕ್ಕೆ ಇದನ್ನು ಬರೆಯುತ್ತಿಲ್ಲ, ಅವರ ತಲೆಯ ಮೇಲೆ ರಿಸಲ್ಟಿನ ಭಾರ ಇತ್ತು. ಹೆಸರು ಬರೆದವನು ನಾನು. ಬರೆದು ಶಹಬ್ಬಾಸ್‌ಗಿರಿ ಪಡೆದವನೂ ನಾನೇ.

ಅವನು ಎಸ್ಸೆಸ್ಸೆಲ್ಸಿ ಫೇಲಾದ. ಅಂಗಡಿಗಳ ಬೋರ್ಡ್ ಬರೆದ. ಫ್ಲೆಕ್ಸ್ ಬಂದು ಆ ಕೆಲಸವೂ ಹೋಯಿತು. ಈಗ ಮನೆಗಳಿಗೆ ಬಣ್ಣ ಹೊಡೆಯುತ್ತಾನೆ. ಮಹೋತ್ಸವದ ಪೂರ್ವಸಿದ್ಧತಾ ಸಭೆಗೆ ನಾನು ಊರಿಗೆ ಬಂದ ದಿನ, ನಮ್ಮ ಶಾಲೆಯ ಜಗಲಿಯ ಗೋಡೆಗೆ ಸುಣ್ಣ ಹೊಡೆಯುತ್ತಿದ್ದವನು ಅವನೇ.

ಮಾತಾಡುತ್ತಾ ಮೊಬೈಲಿನಲ್ಲಿ ರಝಾ ಅವರ 'ಬಿಂದು' ತೋರಿಸಿದೆ. ಕೈಯನ್ನು ಪಂಚೆಗೆ ಒರೆಸಿಕೊಂಡು ಫೋನ್ ಹಿಡಿದು ಬಹಳ ಹೊತ್ತು ನೋಡಿದ. ಏನಿದು ಎಂದು ಕೇಳಲಿಲ್ಲ.

"ಸುತ್ತ ಕೆಂಪು ಇಟ್ಟಿರೋದಕ್ಕೆ ಈ ಕಪ್ಪು ಹಿಂದಕ್ಕೆ ಹೋಗಿ ಬಾವಿ ಥರ ಕಾಣ್ತದೆ ಕಣೋ. ಬಿಳಿ ಇಟ್ಟಿದ್ರೆ ಇದೇ ಕಪ್ಪು ಎದ್ದು ಮುಂದಕ್ಕೆ ಬರ್ತಿತ್ತು. ಆಯಪ್ಪಂಗೆ ಬಣ್ಣ ಗೊತ್ತು" ಎಂದ.

ಇದನ್ನು ನಾನು ಹತ್ತಾರು ಲೇಖನ ಓದಿ ಕಷ್ಟಪಟ್ಟು ತಿಳಿದುಕೊಂಡಿದ್ದೆ. ಅವನು ಒಂದು ನೋಟದಲ್ಲಿ ಹೇಳಿದ.

ಸಂಚಿಕೆಗೆ ಬರೆಯುತ್ತಿದ್ದೇನೆ, ನಿನ್ನ ಹೆಸರು ಹಾಕಲೇ ಎಂದು ಕೇಳಿದೆ. "ಬೇಡಪ್ಪ, ಒಂದ್ಸಲ ಬರೆದಿದ್ದೀಯಲ್ಲ, ಸಾಕು" ಎಂದು ನಕ್ಕ. ಅವನ ನಗುವಿನಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಚೆನ್ನಾಗಿತ್ತು ಎಂದು ನನಗೆ ಅನ್ನಿಸಿತು.

ರಝಾ ಅವರಂಥವರು ನಮ್ಮ ಶಾಲೆಯಿಂದಲೂ ಬರುತ್ತಿದ್ದರು ಎಂದು ನಾನು ಹೇಳುವುದಿಲ್ಲ. ಅಷ್ಟು ದೊಡ್ಡ ಮಾತು ಬೇಡ. ಆದರೆ ಪಾಠ ಕೇಳದ ಹುಡುಗನ ಮುಂದೆ ಮೇಷ್ಟ್ರು ಇಟ್ಟ ಒಂದು ಚುಕ್ಕೆಯ ಫಲ ಆ ವರ್ಷದ ರಿಸಲ್ಟಿನಲ್ಲಿ ಕಾಣಲಿಲ್ಲ, ಐವತ್ತು ವರ್ಷದ ಮೇಲೆ ಕಂಡಿತು. ನಮ್ಮ ಶಾಲೆಯ ಐವತ್ತು ವರ್ಷಗಳಲ್ಲಿ ನಮ್ಮ ಗುರುಗಳು ಇಟ್ಟ ಅಂಥ ಚುಕ್ಕೆಗಳು ಯಾರ ಯಾರ ಮನಸ್ಸಿನಲ್ಲಿ ಇನ್ನೂ ಕುಳಿತಿವೆಯೋ ಬಲ್ಲವರಾರು? ಅವರೆಲ್ಲರಿಗೂ ನನ್ನ ನಮಸ್ಕಾರ.

ಕೊನೆಯದಾಗಿ ಒಂದು ವಿನಂತಿ. ನಮ್ಮ 2005ರ ತಂಡದವರು ಸೇರಿ, ಡ್ರಾಯಿಂಗ್ ಗ್ರೇಡ್ ಪರೀಕ್ಷೆ ಕಟ್ಟುವ ಮಕ್ಕಳ ಶುಲ್ಕ, ಬಣ್ಣ, ಹಾಳೆಯ ಖರ್ಚು ನೋಡಿಕೊಳ್ಳಲು ಒಪ್ಪಿದ್ದೇವೆ. ಖಾಯಂ ಮೇಷ್ಟ್ರು ಬರುವವರೆಗೆ ಶನಿವಾರ ಮಧ್ಯಾಹ್ನ ಒಂದು ಗಂಟೆ ಜಗಲಿಯನ್ನು ಇದಕ್ಕೆ ಬಿಟ್ಟುಕೊಡಬೇಕೆಂದು ಮುಖ್ಯ ಗುರುಗಳಲ್ಲೂ ಎಸ್‌ಡಿಎಂಸಿಯವರಲ್ಲೂ ಕೇಳಿಕೊಳ್ಳುತ್ತೇನೆ. ಹೇಳಿಕೊಡುವವರು ಯಾರು ಎಂದರೆ, ಸುಣ್ಣ ಹೊಡೆದವನನ್ನೇ ಕೇಳಿದ್ದೇನೆ. "ನಾನು ಎಸ್ಸೆಸ್ಸೆಲ್ಸಿ ಫೇಲು ಕಣೋ, ಒಳಗೆ ಬಿಡ್ತಾರಾ?" ಎಂದ. ಕೇಳಿ ಹೇಳುತ್ತೇನೆ ಎಂದಿದ್ದೇನೆ. ಅದಕ್ಕೇ ಇಷ್ಟು ಉದ್ದ ಬರೆದೆ.